ಇಪ್ಪತ್ತೆರಡು ಗಂಟೆ ತಡದ ಖೋ

ನಮ್ಮೂರಿನಲ್ಲಿ ಇಬ್ಬರು ಎದುರಾದರೆ ಊಟ ಆಯಿತೇ ಎಂದು ಕೇಳುವುದಿಲ್ಲ, "ನಿಮ್ಗೆಷ್ಟು ತಡ?" ಎಂದು ಕೇಳುತ್ತಾರೆ. ಅದನ್ನು ಕೇಳದೆ ಕಾಲೇಜಿನ ಆಟದ ಸುದ್ದಿ ಎತ್ತಿದವನನ್ನು ಯಾರೂ ಮನೆಯೊಳಗೆ ಕರೆಯುವುದಿಲ್ಲ. ಪ್ರತಿ ಶನಿವಾರ ಸಂಜೆ ನಾಲ್ಕಕ್ಕೆ ನಮ್ಮ ಕಾಲೇಜಿನ ಹುಡುಗಿಯರು ಯಾವುದಾದರೂ ಪರವೂರಿನಲ್ಲಿ ಖೋ ಖೋ ಆಡುತ್ತಾರೆ. ಪರವೂರಿನಲ್ಲೇ ಏಕೆಂದರೆ ನಮ್ಮ ಕಾಲೇಜಿಗೆ ಮೈದಾನವಿಲ್ಲ. ಇದ್ದ ಮೈದಾನದಲ್ಲಿ ಕ್ರೀಡಾ ಭವನ ಕಟ್ಟಿದ್ದಾರೆ. ಆಟದ ವಿವರಣೆ ರೇಡಿಯೋದಲ್ಲೂ ಬರುತ್ತದೆ, ಮೊಬೈಲಿನ ಆ್ಯಪಿನಲ್ಲೂ ಬರುತ್ತದೆ. ಎಲ್ಲರಿಗೂ ಬರುತ್ತದೆ, ಒಂದೇ ಹೊತ್ತಿಗೆ ಬರುವುದಿಲ್ಲ ಅಷ್ಟೇ. ಹತ್ತು ಜನ ಮೊಣಕಾಲಿಗೆ ಮೊಣಕಾಲು ತಾಗಿಸಿಕೊಂಡು ಕೂತ ಮನೆಗೆ ಆಟ ನಡೆಯುತ್ತಿರುವಾಗಲೇ ಬರುತ್ತದೆ. ಗಂಡ ಹೆಂಡತಿ ಇಬ್ಬರೇ ಇದ್ದರೆ ಐದು ನಿಮಿಷ ಬಿಟ್ಟು. ಮಾತು ಬಿಟ್ಟ ಗಂಡ ಹೆಂಡತಿಯಾದರೆ ಹಾಲಿಗೆ ಹೆಪ್ಪು ಹಾಕುವ ಹೊತ್ತಿಗೆ. ಒಬ್ಬನೇ ಕೂತವನಿಗೆ ಇನ್ನೂ ತಡ. ನನಗೆ ಇಪ್ಪತ್ತೆರಡು ಗಂಟೆ. ಶನಿವಾರ ನಾಲ್ಕಕ್ಕೆ ಶುರುವಾದ ಆಟ ನನ್ನ ಮನೆಗೆ ಬಂದು ಮುಟ್ಟುವುದು ಭಾನುವಾರ ಮಧ್ಯಾಹ್ನ ಎರಡಕ್ಕೆ.

ಊರು ಇದಕ್ಕೆ ಹೊಂದಿಕೊಂಡಿದೆ. ಮದುವೆ ಮಾತುಕತೆಯಲ್ಲಿ ಹುಡುಗನ ಸಂಬಳ ಕೇಳಿದ ಮೇಲೆ ಮನೆಯ ತಡ ಕೇಳುತ್ತಾರೆ. ಡಾಕ್ಟರು ಬಿಪಿಯ ಪಕ್ಕದಲ್ಲಿ ಅದನ್ನೂ ಚೀಟಿಯಲ್ಲಿ ಗೀಚುತ್ತಾರೆ. ಬೇಗ ಕೇಳಿಸಿಕೊಂಡವರು ಗೆದ್ದ ಖುಷಿಗೆ ಕೂಗುವಂತಿಲ್ಲ; ಬಾಯಲ್ಲಿ ಟವೆಲು ಕಚ್ಚಿಕೊಂಡು ಕುಣಿಯುತ್ತಾರೆ. ನಮ್ಮ ಪುರಸಭೆ ಅಧ್ಯಕ್ಷರು ಒಮ್ಮೆ ತಮ್ಮ ಜನಪ್ರಿಯತೆ ತೋರಿಸಲು ಮುನ್ನೂರು ಜನರನ್ನು ಶಾಮಿಯಾನದಡಿ ಕೂರಿಸಿ, ಮಧ್ಯೆ ರೇಡಿಯೋ ಇಟ್ಟು, ಪಕ್ಕದಲ್ಲಿ ತಾವು ಕೂತರು. ನೇರ ಪ್ರಸಾರ ಎಂದು ಬ್ಯಾನರು ಬೇರೆ. ಬಿರಿಯಾನಿ ಮುಗಿಯಿತು, ಜನ ಮುಗಿದರು, ಶಾಮಿಯಾನ ಬಿಚ್ಚಿದರು, ರೇಡಿಯೋ ಮಾತ್ರ ಬಾಯಿ ಬಿಡಲಿಲ್ಲ. ಮೂವತ್ತು ಗಂಟೆಯ ಮೇಲೆ, ಗೋದಾಮಿನಲ್ಲಿ ಕುರ್ಚಿಗಳ ಅಡಿಯಿಂದ, ಅದು ತಾನೊಂದೇ ಮಾತಾಡಿತಂತೆ.

ನಾನು ವಿಠೋಬರಾವ್, ದರ್ಜಿ. ಕಾಲೇಜಿನ ಆಟಗಾರ್ತಿಯರ ಜೆರ್ಸಿ ಹೊಲಿದು ಬೆನ್ನಿಗೆ ನಂಬರು ಕೂರಿಸುವವನು ನಾನೇ. ಆ ಹುಡುಗಿಯರ ಮುಖ ನೋಡಿಲ್ಲ. ಅಳತೆ ಚೀಟಿಯಲ್ಲಿ ಬರುತ್ತದೆ, ಬಟ್ಟೆ ಗಂಟಿನಲ್ಲಿ ಹೋಗುತ್ತದೆ. ಏಳನೇ ನಂಬರಿನವಳ ಭುಜ ಅಗಲ, ಹನ್ನೊಂದನೇ ನಂಬರಿನವಳು ವರ್ಷದಲ್ಲಿ ಎರಡು ಇಂಚು ಬೆಳೆದಳು, ಇಷ್ಟೇ ಪರಿಚಯ. ನನ್ನ ಹೆಂಡತಿ ಸುಲೋಚನಾ ಇದ್ದಾಗ ನಮ್ಮ ಮನೆಗೆ ಎರಡು ನಿಮಿಷ ತಡ. ಆ ಎರಡು ನಿಮಿಷವೂ ನಾನು ಮಿಷಿನ್ ತುಳಿಯುತ್ತಾ ಉತ್ತರ ಕೊಡದೆ ಇದ್ದುದರಿಂದ ಎಂದು ಅವಳ ವಾದ. ಅವಳು ಹೋದ ವಾರ ರೇಡಿಯೋ ಮೂರು ಗಂಟೆ ಬಿಟ್ಟು ಮಾತಾಡಿತು. ಆಮೇಲೆ ಅದು ಕೂದಲು ಬೆಳೆದ ಹಾಗೆ ಬೆಳೆಯಿತು. ನಾನು ತಲೆ ಎತ್ತಿ ನೋಡುವಷ್ಟರಲ್ಲಿ ಇಪ್ಪತ್ತೆರಡು.

ಹಾಗೆಂದು ನಾನೊಬ್ಬನೇ ತಡದವನಲ್ಲ. ಮೊದಲು ಮನೆಗೊಂದು ರೇಡಿಯೋ ಇತ್ತು, ಈಗ ಕಿವಿಗೊಂದು ಇಯರ್‌ಫೋನಿದೆ. ಬಡಿಗೇರ ಬೀದಿಯ ಒಂದು ಕೂಡುಕುಟುಂಬದಲ್ಲಿ ಹದಿನೆಂಟು ಜನ, ಹದಿನೆಂಟು ಮೊಬೈಲು, ಒಬ್ಬೊಬ್ಬರದು ಒಂದೊಂದು ತಡ. ಅಜ್ಜಿಗೆ ಆಟ ಭಾನುವಾರ ಮುಟ್ಟಿದರೆ ಮೊಮ್ಮಗನಿಗೆ ಸೋಮವಾರ. ಊಟಕ್ಕೆ ಕೂತರೆ ಯಾರೂ ಬಾಯಿ ಬಿಡುವಂತಿಲ್ಲ. ಚಹಾದಂಗಡಿಯಲ್ಲೂ ಅಷ್ಟೇ. ಬೆಂಚಿನ ತುಂಬ ಜನ, ಪ್ರತಿಯೊಬ್ಬನ ಪರದೆಯ ಮೇಲೂ ಇನ್ನೂ ಬಂದಿಲ್ಲ ಎನ್ನುವ ಸಣ್ಣ ಚಕ್ರ ತಿರುಗುತ್ತಲೇ ಇರುತ್ತದೆ. ಆಟ ನಡೆಯುತ್ತಿರುವಾಗಲೇ ಕೇಳಿಸಿಕೊಳ್ಳುವ ಮನೆ ಈಗ ಊರಲ್ಲಿ ಒಂದೂ ಉಳಿದಿಲ್ಲ.

ನಮ್ಮ ಗೋಡೆಯಾಚೆ ಕಮಲಾಕ್ಷಮ್ಮ ಇದ್ದಾರೆ. ಮೂವತ್ತೊಂದು ವರ್ಷ ಬಸ್ ಕಂಡಕ್ಟರಾಗಿದ್ದು ನಿವೃತ್ತರಾದವರು. ಅವರಿಗೆ ಇಪ್ಪತ್ತೈದು ಗಂಟೆ ತಡ. ಆರು ವರ್ಷದ ಕೆಳಗೆ ನಮ್ಮಿಬ್ಬರದೂ ಇಷ್ಟಿರಲಿಲ್ಲ. ಆದರೂ ಆಗಲೇ ಅವರದು ನನ್ನದಕ್ಕಿಂತ ಹೆಚ್ಚು. ಆ ವರ್ಷದ ಫೈನಲ್ಲಿನಲ್ಲಿ ನಮ್ಮವರು ಗೆದ್ದಾಗ ನಾನು ಟವೆಲು ಮರೆತು "ಗೆದ್ವಿ!" ಎಂದು ಕೂಗಿಬಿಟ್ಟೆ. ಗೋಡೆಯಾಚೆ ಏನೋ ಧಡ್ ಎಂದು ಬಿತ್ತು. ಅಂದಿನಿಂದ ಅವರು ನನ್ನ ಜೊತೆ ಮಾತಾಡಿಲ್ಲ. ಬಟ್ಟೆ ಹೊಲಿಸಲು ಪಕ್ಕದೂರಿಗೆ ಹೋಗುತ್ತಾರೆ.

ಇನ್ನು ಆಟದ ವಿವರಣೆ ಹೇಳುವವರು ಗುರುಶಾಂತಪ್ಪ. ತಂಡದ ಜೊತೆ ಊರೂರು ಸುತ್ತುವ ಮನುಷ್ಯ. ಅವರನ್ನೂ ನಾನು ನೋಡಿಲ್ಲ, ನಮ್ಮೂರಲ್ಲಿ ಅವರಿಗೆ ಮನೆಯೂ ಇಲ್ಲ. "ಕೇಳುಗ ಮಹಾಶಯರೇ" ಎಂದು ಶುರು ಮಾಡಿದರೆ ಮೈದಾನದ ಧೂಳು ಮೂಗಿಗೆ ಬರಬೇಕು, ಅಂಥ ಗಂಟಲು. ಆಟ ಮುಗಿದ ತಕ್ಷಣ ಊರಿನವರೆಲ್ಲ ಬಂದ್ ಮಾಡುತ್ತಾರೆ, ಅವರವರ ಹೊತ್ತಿಗೆ. ನಾನು ಮಾತ್ರ ಬಂದ್ ಮಾಡುವುದಿಲ್ಲ. ಮಾಡಿದರೆ ಮನೆಯಲ್ಲಿ ಮಿಷಿನ್ನಿನದೊಂದೇ ಸದ್ದು ಉಳಿಯುತ್ತದೆ. ಹೀಗಾಗಿ ಆಟ ಮುಗಿದ ಮೇಲೂ ಒಂದು ಗಂಟೆ ಪ್ರಸಾರ ಇರುತ್ತದೆ ಎಂಬುದು ಊರಿಗೆಲ್ಲ ನನಗೊಬ್ಬನಿಗೆ ಗೊತ್ತಾಯಿತು. ಹುಡುಗಿಯರು ಸ್ನಾನ, ತಿಂಡಿ ಮುಗಿಸಿ ಆರು ಗಂಟೆಯ ಬಸ್ಸು ಹತ್ತುವವರೆಗೆ ಗುರುಶಾಂತಪ್ಪ ಮೈಕಿನ ಮುಂದೆ ಕೂತೇ ಇರುತ್ತಾರೆ.

"ಕೇಳುಗ ಮಹಾಶಯರೇ, ಮೈದಾನದಲ್ಲಿ ಈಗ ಒಂದು ನಾಯಿ. ಎಡಗಡೆಯಿಂದ ಬಂತು. ಕಂಬದ ಹತ್ತಿರ ನಿಂತಿತು. ಕಂಬಕ್ಕೆ ಏನು ಮಾಡಿತು ಅಂತ ಹೇಳೋಕೆ ಹೋಗಲ್ಲ," ಎಂದು ಒಂದು ಭಾನುವಾರ ನನ್ನ ರೇಡಿಯೋ ಹೇಳಿತು. ನಾನು ಸೂಜಿ ಕೆಳಗಿಟ್ಟು ನಕ್ಕೆ. ಸ್ವಲ್ಪ ಹೊತ್ತು ಬಿಟ್ಟು ಅದೇ ಧ್ವನಿ, ಸಣ್ಣದಾಗಿ: "ಯಾರಾದ್ರೂ ಇದ್ದೀರಾ? ಇದ್ರೆ ಈ ಮೈದಾನದ ಆಫೀಸಿನ ಫೋನಿಗೆ ಒಂದು ಫೋನ್ ಮಾಡಿ. ನಂಬರ್ ಹೇಳ್ತೀನಿ, ಬರ್ಕೊಳ್ಳಿ. ಆರಕ್ಕೆ ನಮ್ಮ ಬಸ್ಸು. ಅಲ್ಲಿವರೆಗೂ ಫೋನಿನ ಪಕ್ಕದಲ್ಲೇ ಕೂತಿರ್ತೀನಿ."

ನಾನು ಸೀಮೆಸುಣ್ಣದಲ್ಲಿ ಮೇಜಿನ ಮೇಲೇ ಬರೆದುಕೊಂಡೆ. ಕೂಡಲೇ ಮಾಡಿದೆ.

"ಯಾರ್ ಬೇಕು?" ಎಂದಿತು ಒಂದು ನಿದ್ದೆಗಣ್ಣಿನ ದನಿ.

"ಗುರುಶಾಂತಪ್ಪನೋರು."

"ಅವ್ರು ನಿನ್ನೆನೇ ಹೋದ್ರಲ್ರೀ. ನಾನು ವಾಚ್‌ಮನ್ನು. ನಿನ್ನೆ ಸಾಯಂಕಾಲ ಪೂರ್ತಿ ಫೋನ್ ಮುಂದೆ ಕೂತಿದ್ರು, ಒಂದು ನೊಣಾನೂ ಫೋನ್ ಮಾಡ್ಲಿಲ್ಲ. ನೀವು ನಿನ್ನೆ ಏನ್ ಮಾಡ್ತಿದ್ರಿ?"

ನಿನ್ನೆ ನಾನು ನಿನ್ನೆಗಾಗಿ ಕಾಯುತ್ತಿದ್ದೆ ಎಂದರೆ ಪರವೂರಿನವನಿಗೆ ಅರ್ಥವಾಗುತ್ತಿರಲಿಲ್ಲ. ಫೋನಿಟ್ಟೆ. ರೇಡಿಯೋದಲ್ಲಿ ಗುರುಶಾಂತಪ್ಪ ಇನ್ನೂ ಕಾಯುತ್ತಿದ್ದರು. ಕುರ್ಚಿ ಕಿರುಗುಟ್ಟುವುದು ಕೇಳಿಸುತ್ತಿತ್ತು. ಅವರು ಕಾಯುವುದನ್ನು, ಕಾದು ಮುಗಿದ ಮೇಲೆ, ಕೇಳುತ್ತಾ ಕೂರುವುದಿದೆಯಲ್ಲ, ಅದು ಯಾರಿಗೂ ಬೇಡ. ಮುಂದಿನ ವಾರ ಬೇರೆ ಊರು, ಬೇರೆ ಮೈದಾನ, ಬೇರೆ ನಂಬರು. ಮತ್ತೆ ಅದೇ. ಹೀಗೆ ಏಳು ವಾರ, ಏಳು ವಾಚ್‌ಮನ್ನುಗಳು.

ಕಾಲೇಜಿಗೆ ಕಾಗದ ಬರೆದೆ, ಗುರುಶಾಂತಪ್ಪನವರಿಗೆ ತಲುಪಿಸಿ ಎಂದು. ಹದಿನೈದು ದಿನಕ್ಕೆ ಸೀಲು ಹೊತ್ತು ಉತ್ತರ ಬಂತು: "ಸದರಿ ಪ್ರಸಾರಕ್ಕೆ ಕೇಳುಗರು ಇರುವುದಿಲ್ಲವೆಂದು ಕಡತದಲ್ಲಿ ದಾಖಲಾಗಿರುವುದರಿಂದ, ಕೇಳುಗರ ಪತ್ರಗಳನ್ನು ಸ್ವೀಕರಿಸಲು ಅವಕಾಶವಿರುವುದಿಲ್ಲ."

ಆ ವಾರವೇ ಕಾಲೇಜಿನ ದೈಹಿಕ ಶಿಕ್ಷಣದ ಮೇಷ್ಟ್ರು ರೇವಣಸಿದ್ಧಯ್ಯ ಫೈನಲ್ಲಿಗೆ ಹೊಸ ಜೆರ್ಸಿ ಹೊಲಿಸಲು ಅಳತೆ ಚೀಟಿ ಹಿಡಿದು ಬಂದರು. ನಾನು ಕಾಗದ ತೋರಿಸಿದೆ.

"ಅದು ಸರಿಯಾಗೇ ಇದೆಯಲ್ಲ ರಾಯರೇ," ಎಂದರು. "ಮಿಷಿನ್ನಲ್ಲಿ ಎಣಿಸ್ತಾರೆ. ಆಟ ನಡೀತಿರೋವಾಗ ಎಷ್ಟು ಜನ ಕೇಳ್ತಿದ್ದಾರೆ ಅಂತ. ಎರಡು ವರ್ಷದಿಂದ ಸೊನ್ನೆ."

"ಮಾರನೇ ದಿನ ಕೇಳೋರನ್ನ ಎಣಿಸಲ್ವಾ?"

"ಮಾರನೇ ದಿನ ಆಟ ಎಲ್ಲಿರುತ್ತೆ ಎಣಿಸೋಕೆ? ನೀವೊಳ್ಳೇ ಚೆನ್ನಾಗಿ ಕೇಳ್ತೀರಿ. ಮುಂದಿನ ವರ್ಷದಿಂದ ಬರೀ ಅಂಕ ಬರುತ್ತೆ, ಮೊಬೈಲಿಗೆ. ಟಿಣ್ ಅಂತ. ಈ ಶನಿವಾರದ ಫೈನಲ್ಲೇ ಗುರುಶಾಂತಪ್ಪಂದು ಕೊನೇದು. ಅಕ್ಕನ ಊರಿಗೆ ಹೋಗ್ತಾರಂತೆ. ಪಾಪ, 'ಇಪ್ಪತ್ತೇಳು ವರ್ಷ ಗೋಡೆಗೆ ಹೇಳಿದ್ನೇನ್ರಿ ಮೇಷ್ಟ್ರೇ' ಅಂತ ನನ್ನೇ ಕೇಳಿದ್ರು."

"ನೀವೇನಂದ್ರಿ?"

"ನಾನೇನನ್ಲಿ? ನಂದು ಹನ್ನೆರಡು ಗಂಟೆ ತಡ. ಹನ್ನೊಂದನೇ ನಂಬರ್ ತೋಳು ಅರ್ಧ ಇಂಚು ಜಾಸ್ತಿ ಇಡಿ, ಹುಡುಗಿ ಬಹಳ ಡೈವ್ ಹೊಡೀತಾಳೆ."

ಪ್ರಸಾರ ಉಳಿಯುವುದಿಲ್ಲ, ಅದು ನಿಶ್ಚಯವಾಗಿತ್ತು. ಉಳಿದಿದ್ದು ಒಂದೇ. ಶನಿವಾರ ಐದರಿಂದ ಆರರ ಒಳಗೆ ಆ ಮೈದಾನದ ಫೋನು ಒಂದು ಸಲ ಬಡಿದುಕೊಳ್ಳಬೇಕು. ಆ ಮೈದಾನದ ನಂಬರು ಮೇಷ್ಟ್ರಿಗೂ ಗೊತ್ತಿರಲಿಲ್ಲ; ಅದು ನನಗೆ ರೇಡಿಯೋದಲ್ಲಿ ಭಾನುವಾರವಲ್ಲ, ಶನಿವಾರವೇ ಕೇಳಿಸಬೇಕು. ನಾನೊಬ್ಬನೇ ಕೂತರೆ ಆಗದ ಕೆಲಸ. ಊರಿನಲ್ಲಿ ಬಾಡಿಗೆಗೆ ಜೊತೆ ಕೂರುವವರ ಸಂಘವೊಂದಿದೆ, ಸಂಘವೇ ಹೊರತು ಸಂಗವಲ್ಲ. ಹಿಂದೊಮ್ಮೆ ಕರೆಸಿದ್ದೆ. ಬಂದವನು ಎರಡು ಗಂಟೆ ನನ್ನ ಪಕ್ಕ ಕೂತು ಆಕಳಿಸಿದ. ನನ್ನ ತಡ ಹತ್ತು ನಿಮಿಷ ಹೆಚ್ಚಾಯಿತು.

ಶುಕ್ರವಾರ ಸಂಜೆ ಕಮಲಾಕ್ಷಮ್ಮನವರ ಗೇಟಿನ ಮುಂದೆ ನಿಂತೆ. ಗೇಟು ತೆಗೆಯಲು ಕೈ ಬರಲಿಲ್ಲ. ಅವರೇ ಕಿಟಕಿಯಿಂದ ನೋಡಿದರು.

"ಏನ್ರೀ ಟೈಲರೇ, ಸ್ಟಾಪಿಲ್ಲದ ಕಡೆ ನಿಂತಿದ್ದೀರಿ?"

ಆರು ವರ್ಷದ ಮೇಲೆ ಬಂದ ಮೊದಲ ಮಾತು. ನಾನು ಗೇಟಿನಾಚೆಯಿಂದಲೇ ಎಲ್ಲ ಹೇಳಿದೆ: ನಾಯಿ, ಫೋನು, ವಾಚ್‌ಮನ್ನು, ಸೊನ್ನೆ, ಗೋಡೆಗೆ ಹೇಳಿದೆನೇ ಎಂದು ಆತ ಕೇಳಿದ್ದು. ಅವರು ಪೂರ್ತಿ ಕೇಳಿಸಿಕೊಂಡರು.

"ಆಟ ಮುಗಿದ ಮೇಲೂ ಆ ಮನುಷ್ಯ ಮಾತಾಡ್ತಾನಾ?"

"ಹೂಂ. ಒಂದು ಗಂಟೆ."

"ಥೂ, ನಾನು ಬಂದ್ ಮಾಡಿಬಿಡ್ತೀನಲ್ಲ." ತಿರುಗಿ ಗಡಿಯಾರ ನೋಡಿದರು. "ನಾಳೆ ಮೂರೂ ಮುಕ್ಕಾಲಿಗೆ ಬನ್ನಿ. ಲೇಟಾದ್ರೆ ಗಾಡಿ ನಿಲ್ಸಲ್ಲ. ಮತ್ತೆ, ಇದು ನಿಮಗೋಸ್ಕರ ಅಂದ್ಕೋಬೇಡಿ."

ಶನಿವಾರ ಮೂರೂವರೆಗೇ ಹೋದೆ. ಮರದ ಪೆಟ್ಟಿಗೆಯ ಅವರ ರೇಡಿಯೋ ಮಧ್ಯದಲ್ಲಿತ್ತು. ಆ ಕಡೆ ಒಂದು ಕುರ್ಚಿ, ಈ ಕಡೆ ಒಂದು ಕುರ್ಚಿ. ನಾಲ್ಕಾಯಿತು. ರೇಡಿಯೋ ಸುಮ್ಮನಿತ್ತು.

"ಬಿಸಿಲು ಜಾಸ್ತಿ ಈ ಸಲ," ಎಂದೆ.

"ಹೂಂ."

"ನಲ್ಲೀಲಿ ನೀರು ಬಂತಾ?"

"ಬಂತು."

ಐದೂವರೆ ಆಯಿತು. ರೇಡಿಯೋ ಇಟ್ಟಿಗೆಯಂತೆ ಕೂತಿತ್ತು.

"ಹಿಂಗೆ ಬಿಸಿಲು ನೀರು ಅಂತ ಕೂತ್ರೆ ನಾಳೆ ಬರುತ್ತೆ ನಿಮ್ಮ ಗುರುಶಾಂತಪ್ಪ," ಎಂದರು ಕಮಲಾಕ್ಷಮ್ಮ. "ಆವತ್ತು ಯಾಕ್ರೀ ಹಾಗೆ ಕೂಗಿದ್ರಿ?"

"ಮರೆತುಹೋಯ್ತು. ಟವೆಲು ಕೈಗೆ ಸಿಗ್ಲಿಲ್ಲ."

"ಟವೆಲು ಸಿಗ್ಲಿಲ್ವಂತೆ! ಮನೆ ತುಂಬಾ ಬಟ್ಟೆ ಇಟ್ಕೊಂಡಿರೋ ದರ್ಜಿಗೆ!"

ರೇಡಿಯೋದೊಳಗೆ ಒಗ್ಗರಣೆಯ ಸಾಸಿವೆ ಸಿಡಿದಂತೆ ಚಟಚಟ ಎಂದಿತು. ಇಬ್ಬರೂ ಬೆಚ್ಚಿದೆವು. ತಡ ಒಮ್ಮೆಲೇ ಕಡಿಮೆಯಾಗುವಾಗ ಬರುವ ಸದ್ದು ಅದು. ನಮ್ಮೂರಿನವರಿಗೆ ಅದರ ಬೆಲೆಯೂ ಗೊತ್ತು: ಹತ್ತಿರ ಬಂದಷ್ಟೂ ನಡುವಿನ ಆಟವನ್ನು ರೇಡಿಯೋ ನುಂಗಿಕೊಂಡು ಮುಂದಕ್ಕೆ ಜಿಗಿಯುತ್ತದೆ. ಆ ನುಂಗಿದ್ದು ಆ ಕೂಟದಲ್ಲಿ ಮತ್ತೆ ಬರುವುದಿಲ್ಲ.

"ಕೇಳುಗ ಮಹಾಶಯರೇ, ಮೊದಲ ಸರದಿ..." ಎಂದು ಗುರುಶಾಂತಪ್ಪ ಶುರು ಮಾಡಿದರು.

"ಜಗಳ ಆಡಿದ್ರೆ ಬರುತ್ತೆ ನೋಡಿ," ಎಂದೆ.

"ನಾನು ಜಗಳ ಆಡ್ತಿದ್ದೀನಾ? ಆರು ವರ್ಷ ಬಾಯಿ ಮುಚ್ಕೊಂಡಿದ್ದೋಳು ಜಗಳಗಂಟಿ, ಬಾಯಿ ಬಿಟ್ಟು ಊರಿಗೆಲ್ಲ ಸಾರಿದೋರು ಸಾಧುಗಳು!"

ಚಟಚಟ. "...ಏಳನೇ ನಂಬರ್ ಔಟ್, ಎರಡನೇ ಸರದಿ ಮುಗೀತು..."

"ಒಂದು ಸಲ ಕೂಗಿದ್ದಕ್ಕೆ ಆರು ವರ್ಷಾನಾ ಕಮಲಾಕ್ಷಮ್ಮನೋರೆ? ಪಕ್ಕದೂರಿನ ಟೈಲರು ನಿಮ್ಮ ರವಿಕೆ ಹೇಗೆ ಕೆಡಿಸಿದ್ದಾನೆ ಅಂತ ದಿನಾ ನೋಡ್ತಿದ್ದೀನಿ, ಕರುಳು ಕಿತ್ತು ಬರುತ್ತೆ."

ಅವರು ನಗಲಿಲ್ಲ. ಸೆರಗಿನ ಅಂಚನ್ನು ಬೆರಳಿಗೆ ಸುತ್ತಿ ಬಿಚ್ಚಿದರು.

"ನಮ್ಮ ವಿಮಲಕ್ಕ ಗೊತ್ತಲ್ಲ ನಿಮ್ಗೆ. ನಾವಿಬ್ರೇ ಅಕ್ಕತಂಗೀರು ಇದ್ರೂ ನಮ್ಮನೇಗೆ ಒಂದು ನಿಮಿಷ ತಡ ಅನ್ನೋದು ಇರ್ಲಿಲ್ಲ. ಅವಳು ಹೋದ್ಮೇಲೆ ಒಂದು ತಿಂಗಳು ರೇಡಿಯೋನೇ ಮುಟ್ಲಿಲ್ಲ, ಆಮೇಲೆ ಆ ಫೈನಲ್ಲು. ನಾಲ್ಕಕ್ಕೆ ರೇಡಿಯೋ ಹಾಕ್ದೆ, ಬರ್ಲಿಲ್ಲ. ಐದಾಯ್ತು, ಬರ್ಲಿಲ್ಲ. ಕೆಟ್ಟಿದೆ ಅಂದ್ಕೊಂಡೆ. ಸೋಮವಾರ ರಿಪೇರಿಗೆ ಕೊಡೋಣ ಅಂತ ಸಮಾಧಾನವಾಗೇ ಇದ್ದೆ ಕಣ್ರೀ. ಆವಾಗ ನೀವು ಗೋಡೆ ಆಚೆ ಗೆದ್ವಿ ಅಂತ ಕೂಗಿದ್ರಿ. ಕೆಟ್ಟಿರೋದು ರೇಡಿಯೋ ಅಲ್ಲ ಅಂತ ಆವಾಗ ಗೊತ್ತಾಯ್ತು."

ನಾನು ಕುರ್ಚಿಯನ್ನು ರೇಡಿಯೋದ ಹತ್ತಿರಕ್ಕೆ ಎಳೆದುಕೊಂಡೆ. "ನಂಗೂ ಮೊದಲನೇ ಸಲ ಹಾಗೇ ಆಗಿತ್ತು," ಎಂದೆ. "ಬ್ಯಾಟರಿ ಹೋಗಿದೆ ಅಂತ ಮೂರು ಸಲ ಬದಲಾಯಿಸ್ದೆ."

ಅವರು ತಲೆಯೆತ್ತಿ ನನ್ನನ್ನು ನೋಡಿದರು. ರೇಡಿಯೋ ಪೆಟ್ಟಿಗೆಯೇ ಅದುರುವ ಹಾಗೆ ಚಟಚಟಿಸಿತು. ಆಮೇಲೆ ಸ್ವಚ್ಛವಾಗಿ, ಪಕ್ಕದ ಕೋಣೆಯಿಂದ ಬಂದಂತೆ:

"...ಕೊನೇದಾಗಿ ನಂಬರ್ ಇನ್ನೊಂದ್ಸಲ ಹೇಳ್ತೀನಿ. ಬಸ್ಸಿಗೆ ಹದಿನಾಲ್ಕು ನಿಮಿಷ ಇದೆ."

ಗೋಡೆ ಗಡಿಯಾರ ಆರಕ್ಕೆ ಹದಿನಾಲ್ಕು ನಿಮಿಷ ಎನ್ನುತ್ತಿತ್ತು. ನಾನು ಮೊಬೈಲು ತೆಗೆದೆ. ಕಮಲಾಕ್ಷಮ್ಮ ಅದನ್ನು ಕಿತ್ತುಕೊಂಡು, ಗುರುಶಾಂತಪ್ಪ ಹೇಳಿದ ಹಾಗೇ ಒಂದೊಂದೇ ಅಂಕಿ ಒತ್ತಿ, ಸ್ಪೀಕರ್ ಹಾಕಿ ನನ್ನ ಕೈಗೆ ಕೊಟ್ಟರು. ಮೊಬೈಲಿನಲ್ಲಿ ಟ್ರಿಣ್ ಎಂದಿತು. ರೇಡಿಯೋದೊಳಗೆ, ಅದೇ ಕ್ಷಣಕ್ಕೆ, ಹಳೇ ಕಾಲದ ಫೋನೊಂದು ಗಣಗಣ ಬಡಿದುಕೊಂಡಿತು.

"ಕೇಳುಗ ಮಹಾಶಯರೇ," ಎಂದರು ಗುರುಶಾಂತಪ್ಪ, "ಫೋನು... ಫೋನು ಹೊಡ್ಕೊಳ್ತಾ ಇದೆ." ಕುರ್ಚಿ ಬಿದ್ದ ಸದ್ದು. "ಹಲೋ?" ಎರಡು ಕಡೆಯಿಂದಲೂ ಹಲೋ.

"ಸಾರ್, ಕೇಳ್ತಾ ಇದ್ದೀವಿ," ಎಂದೆ. ಎಷ್ಟೋ ವಾರದಿಂದ ಏನೇನೋ ಹೊಂದಿಸಿಕೊಂಡಿದ್ದೆ, ಬಂದಿದ್ದು ಇಷ್ಟೇ.

"ಎಷ್ಟು ಜನ?"

"ಇಬ್ರು ಸಾರ್."

"ಇಬ್ರಾ!" ಎಂದರು, ಮೈದಾನ ತುಂಬಿದೆ ಎಂದು ಯಾರೋ ಹೇಳಿದ ಹಾಗೆ. ಆಮೇಲೆ ಗಂಟಲು ಸರಿಪಡಿಸಿಕೊಂಡರು. "ಹಾಗಾದ್ರೆ ಒಂದು ಕೇಳ್ಬೇಕಿತ್ತು. ಆ ಕೊನೇ ಓಟದ ಹತ್ತಿರ... ಹೇಗಿತ್ತು?"

ನಾನು ಚೆನ್ನಾಗಿತ್ತು ಎನ್ನಲು ಬಾಯಿ ತೆರೆದೆ. ಕಮಲಾಕ್ಷಮ್ಮ ಮೊಬೈಲನ್ನು ತಮ್ಮ ಕಡೆ ಎಳೆದುಕೊಂಡರು. "ಸುಳ್ಳು ಹೇಳಲ್ಲ ಸಾರ್. ಏನೂ ಕೇಳಿಲ್ಲ. ನಾವು ಜಗಳ ಆಡ್ತಾ ಇದ್ವಿ, ರೇಡಿಯೋ ಜಿಗೀತಾ ಇತ್ತು. ನಿಮ್ಮ ಆಟ ಪೂರ್ತಿ ನುಂಗಿ ಹೋಯ್ತು."

ಆ ಕಡೆ ಬಸ್ಸಿನ ಹಾರ್ನು ಕೇಳಿಸಿತು. ಗುರುಶಾಂತಪ್ಪ ನಗುತ್ತಿದ್ದರೋ ಇನ್ನೇನು ಮಾಡುತ್ತಿದ್ದರೋ ತಿಳಿಯಲಿಲ್ಲ.

"ಅಲ್ಲಿ ನಾನು ಒಂಬತ್ತು ಸೆಕೆಂಡು ಬಾಯೇ ಬಿಡ್ಲಿಲ್ಲ," ಎಂದರು. "ಇಪ್ಪತ್ತೇಳು ವರ್ಷದಲ್ಲಿ ಮೊದಲನೇ ಸಲ. ಬೇಕು ಅಂತಲೇ ಬಿಡ್ಲಿಲ್ಲ. ಮಾತಾಡಿದ್ರೆ ಕೆಡುತ್ತೆ ಅನ್ನಿಸ್ತು. ಅದು ಕೇಳೋರಿಗೆ ಮುಟ್ಟುತ್ತೋ, ಇಲ್ಲ ರೇಡಿಯೋ ಕೆಟ್ಟಿದೆ ಅಂದ್ಕೋತಾರೋ? ಅದೊಂದು ಗೊತ್ತಾದ್ರೆ ಸಾಕಿತ್ತು ನಂಗೆ. ಏನಾಯ್ತು ಅಂತ ನಾನು ಹೇಳಲ್ಲ. ನಾಳೆ ನಿಮ್ಮ ನಿಮ್ಮ ಹೊತ್ತಿಗೆ ಒಬ್ಬೊಬ್ರೇ ಕೂತು ಕೇಳಿ. ಒಂದು ಕಾರ್ಡು ಹಾಕಿ." ಅಕ್ಕನ ಮನೆಯ ವಿಳಾಸ ಹೇಳಿದರು. ಹಾರ್ನು ಮತ್ತೆ. "ಕೇಳುಗ ಮಹಾಶಯರೇ, ನಮಸ್ಕಾರ," ಎಂದದ್ದು ಫೋನಿಗೋ ಮೈಕಿಗೋ, ಎರಡರಲ್ಲೂ ಬಂತು. ಆಮೇಲೆ ಎರಡೂ ನಿಂತವು.

ನಾನು ಎದ್ದು ಮನೆಗೆ ಬಂದೆ. ಹೆಚ್ಚು ಮಾತಾಡಲು ಇಬ್ಬರಿಗೂ ಹೆದರಿಕೆ. ಒಂಟಿತನ ಪೂರ್ತಿ ಹೊರಟುಹೋಗಿ ತಡ ಸೊನ್ನೆಗೆ ಇಳಿದಿದ್ದರೆ, ಮುಗಿದುಹೋದ ಆ ಆಟ ನನಗೆ ಇನ್ನು ಬರುವುದೇ ಇಲ್ಲ. ಊರಿನಲ್ಲಿ ಎಲ್ಲರೂ ತಡ ಕಡಿಮೆಯಾಗಲಿ ಎಂದು ಹರಕೆ ಹೊರುತ್ತಾರೆ; ಇದ್ದಷ್ಟೇ ಇರಲಪ್ಪ, ಇನ್ನೊಂದು ದಿನ ಇರಲಿ ಎಂದು ಬೇಡಿಕೊಂಡವನು ಬಹುಶಃ ನಾನೊಬ್ಬನೇ. ಭಾನುವಾರ ಬೆಳಗ್ಗೆ ಹಲ್ಲುಜ್ಜುವ ಮೊದಲೇ ರೇಡಿಯೋ ಹಾಕಿಟ್ಟೆ. ಹತ್ತಾಯಿತು, ಹನ್ನೊಂದಾಯಿತು. ಹನ್ನೆರಡೂ ಕಾಲಿಗೆ ಸಾರನ್ನದ ತುತ್ತು ಬಾಯಲ್ಲಿರುವಾಗ, "ಕೇಳುಗ ಮಹಾಶಯರೇ" ಎಂದಿತು. ಒಂದೂ ಮುಕ್ಕಾಲು ಗಂಟೆ ಕಡಿಮೆ. ಅಷ್ಟೇ ಕಡಿಮೆಯಾಗಿದ್ದು. ತುತ್ತು ನುಂಗಿ, ತಟ್ಟೆ ಸರಿಸಿ, ಎಂಜಲು ಕೈಯಲ್ಲೇ ಕೂತೆ.

ಒಂದು ಸರದಿ, ಎರಡು, ಮೂರು. ಆಟ ಇಡಿಯಾಗಿ ಬಂತು. ಕೊನೆಯ ಸರದಿಯಲ್ಲಿ ಬೆನ್ನಟ್ಟುವ ಪಾಳಿ ನಮ್ಮವರದು. ಇನ್ನೊಬ್ಬಳನ್ನು ಮುಟ್ಟಿದರೆ ಸಮ. ಮುಟ್ಟದಿದ್ದರೆ ಒಂದು ಅಂಕದಿಂದ ಸೋಲು. "ಇನ್ನು ಅರ್ಧ ನಿಮಿಷ. ಖೋ! ಹನ್ನೊಂದನೇ ನಂಬರ್ ಎದ್ದಳು..." ಎನ್ನುವಾಗ ಸಾಸಿವೆ ಸಿಡಿದ ಹಾಗೆ ಸಣ್ಣಗೆ ಚಟಚಟ ಶುರುವಾಯಿತು.

ಕಿಟಕಿಯಿಂದ ನೋಡಿದೆ. ಕಮಲಾಕ್ಷಮ್ಮ ಮುಚ್ಚಿದ ಡಬ್ಬಿಯೊಂದನ್ನು ಹಿಡಿದು ನನ್ನ ಗೇಟಿನ ಮೇಲೆ ಕೈ ಇಟ್ಟಿದ್ದರು. ಆರು ವರ್ಷ ಗೋಡೆಗೆ ಗೋಡೆ ತಾಗಿಕೊಂಡೇ ಇದ್ದರೂ ತುಟಿ ಪಿಟಕ್ಕೆನ್ನದ ರೇಡಿಯೋ, ಅವರು ನನ್ನನ್ನು ನೋಡಲೆಂದು ಹತ್ತು ಹೆಜ್ಜೆ ಬಂದದ್ದಕ್ಕೇ ಜಿಗಿಯಲು ತಯಾರಾಗಿತ್ತು. ನನಗೆ ಬನ್ನಿ ಎನ್ನಲೂ ಆಗಲಿಲ್ಲ, ಬೇಡ ಎನ್ನಲೂ ಆಗಲಿಲ್ಲ. ಆ ಸದ್ದು ಅವರಿಗೂ ಕೇಳಿಸಿತು. ಗೇಟಿನಿಂದ ಕೈ ತೆಗೆದರು. ಒಂದು ಹೆಜ್ಜೆ ಹಿಂದೆ ಹೋದರು, ನಿಂತು ಕಿವಿಗೊಟ್ಟರು. ಇನ್ನೊಂದು ಹೆಜ್ಜೆ. ರಸ್ತೆ ದಾಟಿದರು. ಆಚೆ ಕಡೆ ಟ್ರಾನ್ಸ್‌ಫಾರ್ಮರಿನ ಪಕ್ಕ, ನೆರಳಿಲ್ಲದ ಬಿಸಿಲಲ್ಲಿ, ಡಬ್ಬಿ ಹಿಡಿದುಕೊಂಡು ನನ್ನ ಮನೆಗೆ ಬೆನ್ನು ಮಾಡಿ ನಿಂತರು. ಚಟಚಟ ನಿಂತಿತು.

ಗುರುಶಾಂತಪ್ಪನೂ ನಿಂತರು.

ಮೊದಲು ಓಟದ ಸದ್ದು, ಎರಡು ಜೊತೆ ಕಾಲು. ಮುಂದಿನವಳದು ಹಗುರ, ಹಿಂದಿನವಳದು ಭಾರ. ಕಂಬಕ್ಕೆ ಯಾರದೋ ಅಂಗೈ ಬಡಿದು, ಕಂಬ ಸಣ್ಣಗೆ ಗುಂಯ್ ಎಂದಿತು. ಒಂದು ಉಸಿರು. ಆಮೇಲೆ ಬಟ್ಟೆ ಮಣ್ಣಿಗೆ ಉಜ್ಜಿಕೊಂಡು ಜಾರಿದ ಉದ್ದ ಸದ್ದು, ಅದರ ಕೊನೆಯಲ್ಲಿ ಪರ್ ಎಂದು ಹೊಲಿಗೆ ಬಿಟ್ಟಿದ್ದು. ಎಡ ತೋಳು, ಕಂಕುಳ ಹತ್ತಿರ. ನಾನು ಹಾಕಿದ ಹೊಲಿಗೆ ನನಗೆ ಗೊತ್ತಾಗುವುದಿಲ್ಲವೇ? ಹುಡುಗಿ ಎಷ್ಟು ಚಾಚಲು ಸಾಧ್ಯವೋ ಅಷ್ಟು ಚಾಚಿ, ಇನ್ನೂ ಒಂದು ಬೆರಳಷ್ಟು ಚಾಚಿದ್ದಳು. ಹಗುರ ಕಾಲಿನ ಓಟ ನಿಲ್ಲದೆ ಮುಂದಕ್ಕೆ ಹೋಯಿತು. ಶಿಳ್ಳೆ. ಯಾರೂ ಕೂಗಲಿಲ್ಲ. ಮಣ್ಣಿನ ಮೇಲೆ ಮುಖವಿಟ್ಟು ಯಾರೋ ಒಬ್ಬಳು ಉಸಿರಾಡುತ್ತಿದ್ದಳು, ಅದು ಕೇಳಿಸಿತು.

"ಕೇಳುಗ ಮಹಾಶಯರೇ," ಎಂದು ಒಂಬತ್ತು ಸೆಕೆಂಡಿನ ಮೇಲೆ ಗುರುಶಾಂತಪ್ಪ ಮೆಲ್ಲಗೆ ಹೇಳಿದರು, "ಒಂದು ಅಂಕ ಕಡಿಮೆಯಾಯ್ತು."

ಕೈ ತೊಳೆದುಕೊಂಡು ಬಾಗಿಲಿಗೆ ಬಂದೆ. ಬಾಗಿಲಿನ ಸದ್ದಿಗೆ ಕಮಲಾಕ್ಷಮ್ಮ ತಿರುಗಿ ನೋಡಿದರು. ನನ್ನ ಮುಖದಲ್ಲಿ ಏನು ಕಂಡಿತೋ, ರಸ್ತೆಯ ಆಚೆಯಿಂದಲೇ ಬಸ್ಸು ತಡೆಯುವ ಹಾಗೆ ಅಂಗೈ ಎತ್ತಿದರು.

"ಹೇಳ್ಬೇಡಿ! ನಂದಿನ್ನೂ ಬಂದಿಲ್ಲ. ಮುಖಾನೂ ಆ ಕಡೆ ತಿರುಗ್ಸಿ."

ತಿರುಗಿಸಿದೆ. "ಎಷ್ಟಾಗಬಹುದು?"

"ಮೂರೂವರೆ ನಾಲ್ಕು ಆಗುತ್ತೇನೋ. ಈಗಿಂದಲೇ ಹಾಕಿಟ್ಕೊಂಡು ಕೂರ್ತೀನಿ." ರಸ್ತೆ ದಾಟಿ ಬಂದು ಡಬ್ಬಿಯನ್ನು ನನ್ನ ಗೇಟಿನ ಕಂಬದ ಮೇಲಿಟ್ಟರು. "ಚಕ್ಕುಲಿ ಇದೆ. ಈಗ ಥ್ಯಾಂಕ್ಸು ಗೀಂಕ್ಸು ಅಂತ ಏನೂ ಅನ್ಬೇಡಿ. ಜಿಗಿದುಬಿಡುತ್ತೆ." ತಮ್ಮ ಮನೆಯೊಳಗೆ ಹೋಗಿ ಬಾಗಿಲು ಹಾಕಿಕೊಂಡರು.

ಮನೆಯಲ್ಲಿ ಕೂರಲು ಮನಸ್ಸಾಗಲಿಲ್ಲ. ಗೋಡೆಯ ಈಚೆ ನಾನು ಅವರನ್ನೇ ನೆನೆಯುತ್ತಾ ಕೂತರೆ, ಆಚೆ ಅವರ ರೇಡಿಯೋ ಚಟಚಟಿಸಿ ಆ ಒಂಬತ್ತು ಸೆಕೆಂಡನ್ನೇ ನುಂಗಿದರೆ? ಜೇಬಿಗೆ ಎರಡು ಚಕ್ಕುಲಿ ಹಾಕಿಕೊಂಡು ಹೊರಟೆ. ಬಡಿಗೇರ ಬೀದಿ, ಚಹಾದಂಗಡಿ, ಕ್ರೀಡಾ ಭವನ ಎಲ್ಲ ದಾಟಿದೆ. ಎದುರಾದವರು "ಎಷ್ಟು ತಡ?" ಎಂದರೆ ಕೈ ಆಡಿಸಿ ಮುಂದೆ ಹೋದೆ. ದಾರಿಯಲ್ಲಿ ಒಂದು ಕಾರ್ಡು ತೆಗೆದುಕೊಂಡು, ಮನೆಗಳು ಮುಗಿಯುವಲ್ಲಿ, ಮೋರಿಯ ಕಟ್ಟೆಯ ಮೇಲೆ ಕೂತೆ. ಅಲ್ಲಿಂದ ಮುಂದೆ ಬರೀ ರಸ್ತೆ.

ತೊಡೆಯ ಮೇಲಿಟ್ಟುಕೊಂಡು ಬರೆದೆ: "ಸಾರ್, ಮುಟ್ಟಿತು. ರೇಡಿಯೋ ಕೆಟ್ಟಿದೆ ಎಂದು ಅನ್ನಿಸಲಿಲ್ಲ. ಹನ್ನೊಂದನೇ ನಂಬರಿನವಳ ತೋಳು ಕಂಕುಳ ಹತ್ತಿರ ಬಿಚ್ಚಿದೆ, ಕಳಿಸಿಕೊಟ್ಟರೆ ಹೊಲಿದು ಕೊಡುತ್ತೇನೆ ಎಂದು ಅವಳಿಗೆ ತಿಳಿಸಿ."

ಅರ್ಧ ಕಾರ್ಡು ಖಾಲಿ ಉಳಿಯಿತು. ಅದು ಕಮಲಾಕ್ಷಮ್ಮನವರದು. ಅವರ ಆಟ ಇನ್ನೂ ಶುರುವಾಗಿರಲಿಕ್ಕಿಲ್ಲ. ಚಕ್ಕುಲಿ ಮುರಿದು ಬಾಯಿಗೆ ಹಾಕಿಕೊಂಡು, ಊರಿಗೆ ಬೆನ್ನು ಮಾಡಿ, ಬೇರೆ ಏನನ್ನಾದರೂ ಯೋಚಿಸಲು ನೋಡಿದೆ.